ಬಸಿಯ ಬೆನ್ನಿನ ಮೇಲಿನ ಇತಿಹಾಸ

ಹಳೆಯ ಪಿಂಗಾಣಿ ಸಂಗ್ರಹಿಸುವವರಿಗೆ ಒಂದು ಚಟವಿರುತ್ತದೆ. ಯಾರ ಮನೆಗೆ ಹೋದರೂ ಚಹಾ ಮುಗಿದ ಮೇಲೆ ಬಸಿಯನ್ನು ಮೆಲ್ಲಗೆ ಮಗುಚಿ ಅದರ ಬೆನ್ನು ನೋಡುತ್ತಾರೆ. ಮುಂಭಾಗದ ಗುಲಾಬಿ ಹೂವು, ಚಿನ್ನದ ಅಂಚು ಎಲ್ಲ ಕಣ್ಣಿಗೆ ಹಬ್ಬ. ಇತಿಹಾಸ ಮಾತ್ರ ಹಿಂಭಾಗದಲ್ಲಿರುತ್ತದೆ, ಕಾಳಿನಷ್ಟು ಸಣ್ಣ ಅಕ್ಷರಗಳಲ್ಲಿ.

ಜಪಾನಿನ ಸಾಮಾನಿಗೆ ಈ ಮಾತು ಚೆನ್ನಾಗಿ ಒಪ್ಪುತ್ತದೆ. ಹೊರದೇಶದಿಂದ ಬರುವ ವಸ್ತುವಿನ ಮೇಲೆ ಅದು ತಯಾರಾದ ದೇಶದ ಹೆಸರು ಇರಲೇಬೇಕು ಎಂದು ಅಮೆರಿಕ 1890ರಲ್ಲಿ ಕಾಯಿದೆ ಮಾಡಿತು. ಜಪಾನೀಯರು ತಮ್ಮ ದೇಶವನ್ನು ತಾವು ಕರೆಯುವಂತೆ ‘ನಿಪ್ಪಾನ್’ ಎಂದು ಮುದ್ರೆ ಒತ್ತಿದರು. 1921ರಲ್ಲಿ ಅಮೆರಿಕದ ಅಧಿಕಾರಿಗಳು ಅದು ಇಂಗ್ಲಿಷ್ ಪದವಲ್ಲ ಎಂದು ತಕರಾರು ತೆಗೆದರು. ಅಲ್ಲಿಂದ ಮುಂದೆ ‘ಜಪಾನ್’. ಎರಡನೆಯ ಮಹಾಯುದ್ಧ ಸೋತ ಮೇಲೆ ಇನ್ನೊಂದು ಪದ ಸೇರಿತು: ‘ಮೇಡ್ ಇನ್ ಆಕ್ಯುಪೈಡ್ ಜಪಾನ್’. ಪರರ ವಶದಲ್ಲಿರುವ ಜಪಾನಿನಲ್ಲಿ ತಯಾರಾದದ್ದು ಎಂದು ಅರ್ಥ. ಕಪ್ಪಿಗೆ ಬಣ್ಣ ಬಳಿದವರು ಜಪಾನೀಯರು. ಅದರ ಬೆನ್ನಿನ ಮೇಲೆ ಯಾವ ಹೆಸರಿರಬೇಕೆಂದು ತೀರ್ಮಾನಿಸಿದವರು ಬೇರೆಯವರು.

ನನ್ನ ಸಂಗ್ರಹ ದೊಡ್ಡದಲ್ಲ. ಕೆಲಸಕ್ಕೆಂದು ರಾಯಚೂರಿನಿಂದ ಹೈದರಾಬಾದಿಗೆ ಬಂದ ಮೇಲೆ ಶುರುವಾದ ಹವ್ಯಾಸವಿದು. ಐದು ಬಸಿ, ಕಿವಿ ಮುರಿದ ಒಂದು ಕಪ್ಪು, ಅಂಗೈಯಗಲದ ಒಂದು ಪಿಂಗಾಣಿ ನಾಯಿಮರಿ, ಕೀ ಕೊಟ್ಟರೂ ಓಡದ ಒಂದು ತಗಡಿನ ಮೋಟಾರು. ಹೆಚ್ಚಿನವು ಸಿಕ್ಕಿದ್ದು ಜುಮೇರಾತ್ ಬಜಾರಿನಲ್ಲಿ. ಜುಮೇರಾತ್ ಅಂದರೆ ಗುರುವಾರ. ಹಳೆಯ ನಗರದ ಗುರುವಾರದ ಸಂತೆ. ತುಕ್ಕು ಹಿಡಿದ ಬೀಗ, ಕೆಟ್ಟ ಮೊಬೈಲು, ಯಾರದೋ ಮದುವೆಯ ಫೋಟೋ ಚೌಕಟ್ಟು, ಇವುಗಳ ನಡುವೆ ಒಮ್ಮೊಮ್ಮೆ ಒಂದು ಜಪಾನಿ ಬಸಿ. ಎತ್ತಿಕೊಂಡರೆ ಸಾಕು, ಅಂಗಡಿಯವನು ಶುರು ಮಾಡುತ್ತಾನೆ: “ಅಸ್ಲೀ ಜಪಾನೀ ಮಾಲ್ ಹೈ ಸಾಬ್, ಬಡೀ ಹವೇಲೀ ಕಾ.” ಯಾವ ಹವೇಲಿ ಎಂದು ಕೇಳಿದರೆ ಉತ್ತರವಿಲ್ಲ. ಮನೆ ಒಡೆದು ಅಪಾರ್ಟ್‌ಮೆಂಟ್ ಎದ್ದಿರುತ್ತದೆ, ಮಕ್ಕಳು ಕೊಲ್ಲಿಯಲ್ಲೋ ಅಮೆರಿಕದಲ್ಲೋ ಇರುತ್ತಾರೆ, ಗಾಜಿನ ಕಪಾಟು ಗುಜರಿಗೆ ಬಿದ್ದಿರುತ್ತದೆ.

ಇದೇ ಊರಿನಲ್ಲಿ ಜಪಾನಿ ಪಿಂಗಾಣಿಯ ಇನ್ನೊಂದು ತುದಿಯೂ ಇದೆ. ಮೂರನೆಯ ಸಾಲಾರ್ ಜಂಗ್ ಮೀರ್ ಯೂಸುಫ್ ಅಲಿ ಖಾನ್ ಜಗತ್ತಿನ ಮೂಲೆಮೂಲೆಯಿಂದ ತರಿಸಿಟ್ಟ ವಸ್ತುಗಳಲ್ಲಿ ಜಪಾನಿನ ಸತ್ಸುಮಾ ಹೂದಾನಿಗಳಿವೆ, ಕತ್ತಿಗಳಿವೆ. ಮಕ್ಕಳ ಆಟಿಕೆಗಳಿಗೂ ಅವರ ಸಂಗ್ರಹದಲ್ಲಿ ಜಾಗವಿತ್ತು. ಅವರು ತೀರಿಕೊಂಡದ್ದು 1949ರ ಮಾರ್ಚಿನಲ್ಲಿ. 1951ರ ಡಿಸೆಂಬರ್ 16ರಂದು ಅವರ ದಿವಾನ್ ದೇವಡಿಯಲ್ಲಿಯೇ ನೆಹರೂ ವಸ್ತುಸಂಗ್ರಹಾಲಯವನ್ನು ಉದ್ಘಾಟಿಸಿದರು. ಈಗಿನ ಕಟ್ಟಡಕ್ಕೆ ಅದು ಬಂದದ್ದು 1968ರಲ್ಲಿ. ಆ ರಾಶಿಯನ್ನು ಮೊದಲು ವಿಂಗಡಿಸಿ ಜೋಡಿಸಿದವರು ಜೇಮ್ಸ್ ಕಸಿನ್ಸ್. ಐರ್ಲೆಂಡಿನ ಈ ಕವಿ ಟೋಕಿಯೋದಲ್ಲಿ ಪಾಠ ಹೇಳಿದವರು, ಮೈಸೂರಿನ ಜಗನ್ಮೋಹನ ಅರಮನೆಯ ಚಿತ್ರಶಾಲೆಗೂ ದುಡಿದವರು.

ಸಾಲಾರ್ ಜಂಗರ ಕಾಲ ಮುಗಿಯುವಲ್ಲಿ ನನ್ನ ಬಸಿಗಳ ಕಾಲ ಶುರುವಾಗುತ್ತದೆ. ಒಂದು ಅರಮನೆಯ ಪಿಂಗಾಣಿ, ಇನ್ನೊಂದು ಹೊಟ್ಟೆಪಾಡಿನ ಪಿಂಗಾಣಿ.

ಹೊಟ್ಟೆಪಾಡು ಎಂದದ್ದು ಸುಮ್ಮನೆ ಅಲ್ಲ. 1945ರ ಆಗಸ್ಟಿನಲ್ಲಿ ಸೋತು ಶರಣಾದ ಜಪಾನಿನಲ್ಲಿ ಅನ್ನಕ್ಕೆ ತತ್ವಾರವಿತ್ತು. ಓತ್ಸು ಎಂಬ ಊರಿನಲ್ಲಿ ಮತ್ಸುಜೋ ಕೊಸುಗೆ ಎಂಬ ಆಟಿಕೆ ತಯಾರಕ ಅಮೆರಿಕದ ಸೈನಿಕರು ತಿಂದು ಬಿಸಾಡಿದ ಡಬ್ಬಿಗಳ ತಗಡು ಬಿಡಿಸಿ ಪುಟ್ಟ ಜೀಪು ಮಾಡಿದ. ಅದೇ ವರ್ಷದ ಡಿಸೆಂಬರಿನಲ್ಲಿ ಕ್ಯೋಟೋದ ಅಂಗಡಿಯಲ್ಲಿ 10 ಯೆನ್ನಿಗೆ ಒಂದರಂತೆ ಅವು ಮಾರಾಟಕ್ಕೆ ಬಂದವು. ಜನ ಸಾಲುಗಟ್ಟಿ ಕೊಂಡರು. ಗೆದ್ದವರ ಕಸದಿಂದ, ಗೆದ್ದವರ ಗಾಡಿಯ ಆಕಾರದಲ್ಲಿ, ಸೋತವರ ಮಕ್ಕಳಿಗೆ ಆಟಿಕೆ.

ಪಿಂಗಾಣಿಯದೂ ಇಂಥದೇ ಕಥೆ. ನಗೋಯಾದ ನೊರಿಟಾಕೆ ಕಂಪನಿ 1904ರಲ್ಲಿ ಶುರುವಾದದ್ದು, ಜಗತ್ತೆಲ್ಲ ಹೆಸರಾಗಿತ್ತು. ಯುದ್ಧ ಮುಗಿದ ಹೊಸತರಲ್ಲಿ ಒಳ್ಳೆಯ ಕಚ್ಚಾಮಾಲು ಸಿಗದೆ ಸಾಮಾನಿನ ಗುಣಮಟ್ಟ ಇಳಿದಾಗ, ತನ್ನ ಹೆಸರನ್ನು ಅದರ ಮೇಲೆ ಹಾಕಲು ಒಪ್ಪದೆ ‘ರೋಸ್ ಚೈನಾ’ ಎಂಬ ಬೇರೆ ಮುದ್ರೆ ಒತ್ತಿ ಕೆಲಕಾಲ ಮಾರಿತು. ಖಾಸಗಿ ವಿದೇಶಿ ವ್ಯಾಪಾರಕ್ಕೆ ಬಾಗಿಲು ಸ್ವಲ್ಪ ತೆರೆದದ್ದು 1947ರ ಆಗಸ್ಟ್ 15ರಂದು, ನಾವು ಸ್ವತಂತ್ರರಾದ ಅದೇ ದಿನ. 1952ರ ಏಪ್ರಿಲ್ 28ರಂದು ಜಪಾನ್ ಮತ್ತೆ ಸ್ವತಂತ್ರವಾಗುವವರೆಗಿನ ಸಾಮಾನಿನ ಮೇಲೆ ‘ಆಕ್ಯುಪೈಡ್’ ಪದ ಕಾಣುತ್ತದೆ. ಎಲ್ಲದರ ಮೇಲೂ ಅಲ್ಲ, ಬಹಳಷ್ಟರ ಮೇಲೆ. ಸೆತೋ ಊರಿನ ಭಟ್ಟಿಗಳಿಂದ ಕುರಿ ಕಾಯುವ ಹುಡುಗಿ, ಪಿಟೀಲು ನುಡಿಸುವ ಹುಡುಗ, ಹೀಗೆ ಯುರೋಪಿನ ಚೆಹರೆಯ ಬೊಂಬೆಗಳು ಹಡಗು ಹತ್ತಿದವು. ಅವುಗಳ ಕಣ್ಣು, ತುಟಿ ತಿದ್ದಿದ ಕೈಗಳ ಹೆಸರು ಯಾವ ಮುದ್ರೆಯಲ್ಲೂ ಇಲ್ಲ.

ನಮ್ಮ ಕಡೆ ಜಪಾನಿನ ಸಾಮಾನು ಹೊಸತೇನಲ್ಲ. 1930ರ ದಶಕದಲ್ಲೇ ಅಗ್ಗದ ಜಪಾನಿ ಬಟ್ಟೆ, ಬಳೆ, ಆಟಿಕೆ ಭಾರತದ ಪೇಟೆಗಳಿಗೆ ನುಗ್ಗಿದ್ದವು. ರಾಯಚೂರಿನಲ್ಲಿ ನಮ್ಮ ಅಜ್ಜಿ ಬೇಗ ಮುರಿಯುವ ಯಾವುದನ್ನೇ ಆಗಲಿ ‘ಜಪಾನ್ ಮಾಲು’ ಎನ್ನುತ್ತಿದ್ದಳು. ನಮ್ಮ ಅಪ್ಪ ಅದೇ ಪದವನ್ನು ಎಂದೂ ಕೆಡದ ಕೈಗಡಿಯಾರಕ್ಕೆ ಬಳಸುತ್ತಿದ್ದರು. ಒಂದೇ ತಲೆಮಾರಿನಲ್ಲಿ ಬೈಗುಳ ಹೊಗಳಿಕೆಯಾಯಿತು. ಯುದ್ಧದ ನಂತರ ಭಾರತ ಜಪಾನನ್ನು ಶತ್ರುವಿನಂತೆ ಕಾಣಲಿಲ್ಲ. 1952ರ ಜೂನ್ 9ರಂದು ಪ್ರತ್ಯೇಕ ಶಾಂತಿ ಒಪ್ಪಂದ ಮಾಡಿಕೊಂಡು ಯುದ್ಧ ಪರಿಹಾರವನ್ನು ಬಿಟ್ಟುಕೊಟ್ಟಿತು. ಅದಕ್ಕೂ ಮೊದಲು, 1949ರಲ್ಲಿ, ಟೋಕಿಯೋದ ಮಕ್ಕಳು ಪತ್ರ ಬರೆದು ಕೇಳಿದರೆಂದು ನೆಹರೂ ಉಯೆನೊ ಮೃಗಾಲಯಕ್ಕೆ ಇಂದಿರಾ ಎಂಬ ಆನೆಯನ್ನು ಕಳಿಸಿದ್ದರು. ಅದು ಮೈಸೂರಿನ ಆನೆ. ಇಲ್ಲಿಂದ ನಿಜವಾದ ಆನೆ ಹೋಯಿತು, ಅಲ್ಲಿಂದ ತಗಡಿನ ಆಟಿಕೆ ಬಂದವು. 1957ರ ಹೊತ್ತಿಗೆ ವಿದೇಶಿ ವಿನಿಮಯದ ಬಿಕ್ಕಟ್ಟಿನಿಂದ ಇಂಥ ಆಮದಿಗೆ ಬಿಗಿ ಬಂತು. ಹಾಗಾಗಿ ಯುದ್ಧಾನಂತರದ ಜಪಾನಿ ಸಾಮಾನು ನಮ್ಮ ಪೇಟೆಗೆ ಸಲೀಸಾಗಿ ಬರುತ್ತಿದ್ದ ಕಾಲ ಬಹಳ ಚಿಕ್ಕದು.

ಆ ಚಿಕ್ಕ ಕಾಲದಲ್ಲೇ ಹೈದರಾಬಾದಿನ ಬೆನ್ನಿನ ಮುದ್ರೆಯೂ ಬದಲಾಯಿತು. 1948ರ ಸೆಪ್ಟೆಂಬರಿನಲ್ಲಿ ಭಾರತದ ಸೇನೆ ನಿಜಾಮನ ಸಂಸ್ಥಾನವನ್ನು ಪ್ರವೇಶಿಸಿತು. 1949ರ ಕೊನೆಯವರೆಗೆ ಮೇಜರ್ ಜನರಲ್ ಜೆ. ಎನ್. ಚೌಧುರಿ ಇಲ್ಲಿನ ಮಿಲಿಟರಿ ಗವರ್ನರ್. ಟೋಕಿಯೋದಲ್ಲಿ ಒಬ್ಬ ಸೇನಾಪತಿ, ಹೈದರಾಬಾದಿನಲ್ಲಿ ಒಬ್ಬ ಸೇನಾಪತಿ. ಎರಡೂ ಒಂದೇ ಎಂದು ನಾನು ಹೇಳುತ್ತಿಲ್ಲ, ಒಂದೇ ಅಲ್ಲ. ರಜಾಕಾರರ ಹಾವಳಿ ಕಂಡ ನಮ್ಮ ಬೀದರ, ಗುಲಬರ್ಗಾ, ರಾಯಚೂರಿನ ಮನೆಗಳಲ್ಲಿ ಅದು ‘ವಿಮೋಚನೆ’. ಹಳೆಯ ನಗರದ ಅನೇಕ ಮನೆಗಳಲ್ಲಿ ಇಂದಿಗೂ ಅದು ‘ಪೊಲೀಸ್ ಆಕ್ಷನ್’. ಆ ಹೆಸರಿನ ಹಿಂದೆ ಪಂಡಿತ್ ಸುಂದರಲಾಲ್ ಸಮಿತಿ ದಾಖಲಿಸಿದ, ನಂತರದ ಕೊಲೆ, ಲೂಟಿಗಳ ನೆನಪಿದೆ. ಎರಡು ಹೆಸರೂ ನೋವಿನಿಂದಲೇ ಬಂದವು. ನಾನು ಮೊದಲ ಹೆಸರು ಕೇಳಿ ಬೆಳೆದವನು, ಎರಡನೆಯ ಹೆಸರಿನ ಊರಿನಲ್ಲಿ ಬದುಕುತ್ತಿರುವವನು. ಆ ಗದ್ದಲದ ವರ್ಷಗಳಲ್ಲಿ ದೇಶ ಬಿಟ್ಟ, ಜಾಗೀರು ಕಳೆದುಕೊಂಡ ಕುಟುಂಬಗಳ ಪಾತ್ರೆಪಡಗ ಎಷ್ಟು ಕೈ ಬದಲಾಯಿಸಿರಬೇಡ! ಬಜಾರಿನಲ್ಲಿ ಬಸಿ ಮಗುಚುವಾಗ ಇದನ್ನು ಮರೆತು ಚೌಕಾಸಿ ಮಾಡಲು ನನಗೆ ಆಗುವುದಿಲ್ಲ.

ಈಗ ವಿಚಿತ್ರ ನೋಡಿ. ಒಂದು ಕಾಲದಲ್ಲಿ ಸೋಲಿನ ಗುರುತಾಗಿದ್ದ ‘ಆಕ್ಯುಪೈಡ್’ ಪದವೇ ಇಂದು ಬೆಲೆ ಏರಿಸುತ್ತದೆ. ಅದಕ್ಕೇ ನಕಲಿಗಳೂ ಹುಟ್ಟಿಕೊಂಡಿವೆ. ಅಸಲಿ ಮುದ್ರೆ ಸಾಮಾನ್ಯವಾಗಿ ಪಿಂಗಾಣಿಯ ಮೆರುಗಿನ ಕೆಳಗಿರುತ್ತದೆ. ಹತ್ತಿಗೆ ನೇಲ್ ಪಾಲಿಶ್ ರಿಮೂವರ್ ಅದ್ದಿ ಉಜ್ಜಿದರೂ ಹೋಗುವುದಿಲ್ಲ. ಮೇಲಿಂದ ಒತ್ತಿದ ನಕಲಿ ಮುದ್ರೆ ಅಳಿಸಿ ಹೋಗುತ್ತದೆ. ಪಿಂಗಾಣಿಗೆ ಇದೊಂದು ಸರಳ ಪರೀಕ್ಷೆ.

ವಸ್ತು ಯಾರ ಮನೆಯದು, ಹೇಗೆ ಬಂತು, ಯಾಕೆ ಹೋಯಿತು ಎಂಬುದಕ್ಕೆ ಇಂಥ ಪರೀಕ್ಷೆ ಯಾವುದೂ ಇಲ್ಲ. ಅದನ್ನು ಬಲ್ಲವರು ಬದುಕಿರುವಾಗಲೇ ಕೇಳಬೇಕು. ಮುಂದಿನ ರಜೆಗೆ ಊರಿಗೆ ಹೋದಾಗ ಅಜ್ಜಿಯ ಗಾಜಿನ ಕಪಾಟು ತೆರೆಯಿರಿ. ಕಪ್ಪು, ಬಸಿ, ಬೊಂಬೆ ಮಗುಚಿ ನೋಡಿ. ಮುದ್ರೆಯ ಫೋಟೋ ತೆಗೆದುಕೊಳ್ಳಿ, ಜೊತೆಗೆ ಯಾರು, ಯಾವ ಊರಿನಿಂದ, ಯಾವ ವರ್ಷ ತಂದರೆಂದು ಕೇಳಿ ಬರೆದಿಡಿ. ಮಾರುವುದೋ ಇಟ್ಟುಕೊಳ್ಳುವುದೋ ಆಮೇಲಿನ ಮಾತು.