ಗಡಿನಾಡಿನ ಸಿಪಾಯಿಗಳು: ಲೆಕ್ಕಕ್ಕೆ ಸಿಕ್ಕವರು, ಹೆಸರಿಗೆ ಸಿಗದವರು

ಇತಿಹಾಸದ ಪಾಠದಲ್ಲಿ ಯುದ್ಧ ಬಂದರೆ ಸಾಕು, ಮಕ್ಕಳು ಕಿವಿ ನಿಮಿರಿಸಿ ಕೂಡುತ್ತಾರೆ. ಯಾವ ರಾಜ ಗೆದ್ದ, ಯಾವ ಸೇನಾಪತಿ ಸೋತ, ಯಾವ ಒಪ್ಪಂದವಾಯಿತು ಎಂದು ಹೇಳಿ ನಾವು ಪಾಠ ಮುಗಿಸುತ್ತೇವೆ. ಆ ರಾಜನ ಪರವಾಗಿ ಬಂದೂಕು ಹಿಡಿದು ನಿಂತವನು ಏನು ಉಂಡ, ಎಷ್ಟು ಪಗಾರ ಪಡೆದ, ಯಾವ ಭಾಷೆಯಲ್ಲಿ ಬೈಸಿಕೊಂಡ, ಸತ್ತ ಮೇಲೆ ಅವನ ಹೆಸರು ಎಲ್ಲಿ ಬರೆದರು? ಈ ಪ್ರಶ್ನೆಗಳು ಪರೀಕ್ಷೆಗೆ ಬರುವುದಿಲ್ಲ, ಹಾಗಾಗಿ ನಾವೂ ಕೇಳುವುದಿಲ್ಲ.

ಆದರೆ ನಮ್ಮ ಸೀಮೆಯಲ್ಲಿ ಈ ಪ್ರಶ್ನೆ ಕೇಳಲೇಬೇಕು. ಕೊಲ್ಹಾಪುರ ಜಿಲ್ಲೆಯ ಹಳ್ಳಿಗಳಲ್ಲಿ ಸೈನ್ಯ ಎಂಬುದು ಮನೆಯ ಮಾತು. ಶಿರೋಳ ತಾಲೂಕಿನ ಟಾಕಳಿ ಗ್ರಾಮ ಎಷ್ಟು ಮಂದಿ ಯೋಧರನ್ನು ಕಳಿಸಿತೆಂದರೆ ಊರಿನ ಹೆಸರೇ ಸೈನಿಕ ಟಾಕಳಿ ಆಯಿತು. ಗಡಹಿಂಗ್ಲಜದಿಂದ ಸಂಕೇಶ್ವರ ದಾಟಿ ಹೋದರೆ ಬೆಳಗಾವಿ. ಅಲ್ಲಿ ಮರಾಠಾ ಲಘು ಪದಾತಿದಳದ ಕೇಂದ್ರ ಇದೆ. ಸೀಮೆಯ ಒಂದು ತುದಿಗೆ ಹಳ್ಳಿ, ಇನ್ನೊಂದು ತುದಿಗೆ ಪರೇಡ್ ಮೈದಾನ! ನಡುವಿನ ದಾರಿಯಲ್ಲಿ ನಡೆದುಹೋದವರ ಕಥೆಯನ್ನು ಇಲ್ಲಿ ಹೇಳಲು ಪ್ರಯತ್ನಿಸುತ್ತೇವೆ.

ಸಾಮಾನಗಡದ ಗಡಕರಿಗಳು

ಗಡಹಿಂಗ್ಲಜದ ಹತ್ತಿರವೇ ಸಾಮಾನಗಡವಿದೆ. ಶಾಲೆಯ ಪ್ರವಾಸಕ್ಕೆ ಹೋದವರು ಬಾವಿ, ಬುರುಜು ನೋಡಿ ಬರುತ್ತಾರೆ. ಆ ಕೋಟೆಯನ್ನು ಕಾಯುತ್ತಿದ್ದವರು ಗಡಕರಿಗಳು. ಅಪ್ಪನಿಂದ ಮಗನಿಗೆ ಬರುತ್ತಿದ್ದ ಚಾಕರಿ ಅದು. ನಗದು ಪಗಾರ ಕಡಿಮೆ, ಅದರ ಬದಲಿಗೆ ಉಳಲು ಇನಾಮು ಹೊಲ. ಅಂದರೆ ಅವನು ಅರ್ಧ ರೈತ, ಅರ್ಧ ಸಿಪಾಯಿ.

1844ರಲ್ಲಿ ಕೊಲ್ಹಾಪುರದ ಆಡಳಿತ ಇಂಗ್ಲಿಷರು ನೇಮಿಸಿದ ಕಾರಭಾರಿಯ ಕೈಯಲ್ಲಿತ್ತು. ಗಡಕರಿಗಳ ಹೊಲಗಳನ್ನು ಮಾಮಲೇದಾರರ ಕೈಕೆಳಗೆ ತರುವ ಹುಕುಂ ಹೊರಟಿತು. ಹೊಲ ಹೋದರೆ ಚಾಕರಿಯೂ ಹೋಯಿತು, ಮನೆತನದ ಮಾನವೂ ಹೋಯಿತು. ಸಾಮಾನಗಡ ಮತ್ತು ಭುದರಗಡದವರು ಕೋಟೆಯ ಬಾಗಿಲು ಮುಚ್ಚಿಕೊಂಡು ಕುಳಿತರು. ಬೆಳಗಾವಿಯಿಂದ ಕಂಪನಿ ಸರಕಾರದ ಸೈನ್ಯ ಬಂತು. ಅಕ್ಟೋಬರ್ ತಿಂಗಳಲ್ಲಿ ಸಾಮಾನಗಡ ಬಿತ್ತು, ಡಿಸೆಂಬರ್‌ನಲ್ಲಿ ಪನ್ಹಾಳವೂ ಬಿತ್ತು. ಆಮೇಲೆ ಕೋಟೆಗಳ ಗೋಡೆಗಳನ್ನೇ ಕೆಡವಿಸಲಾಯಿತು.

ಇಲ್ಲಿ ಒಂದು ಸಂಗತಿಯನ್ನು ಗಮನಿಸಬೇಕು. ಕೋಟೆಯೊಳಗೆ ಇದ್ದವರೂ ಈ ನೆಲದ ಸಿಪಾಯಿಗಳೇ, ಹೊರಗೆ ಮುತ್ತಿಗೆ ಹಾಕಿದವರಲ್ಲೂ ಬಹಳ ಮಂದಿ ಈ ದೇಶದ ಸಿಪಾಯಿಗಳೇ. ಒಬ್ಬನಿಗೆ ಹೊಲ ಉಳಿಸಿಕೊಳ್ಳುವ ಚಿಂತೆ, ಇನ್ನೊಬ್ಬನಿಗೆ ತಿಂಗಳ ಪಗಾರದ ಚಿಂತೆ. ಹೊಟ್ಟೆ ಮತ್ತು ಮಾನ, ಈ ಎರಡನ್ನು ಬಿಟ್ಟು ಸಾಮಾನ್ಯ ಸಿಪಾಯಿಯ ಇತಿಹಾಸ ಬರೆಯಲಾಗದು.

ಹದಿಮೂರು ವರ್ಷದ ನಂತರ, 1857ರ ಜುಲೈ 31ರ ರಾತ್ರಿ, ಕೊಲ್ಹಾಪುರದಲ್ಲೇ ಇದ್ದ 27ನೆಯ ಮುಂಬಯಿ ಪಲ್ಟಣ ದಂಗೆ ಎದ್ದಿತು. ದಂಗೆ ಅಡಗಿಸಿ ಪಲ್ಟಣದ ಆಯುಧ ಕಿತ್ತುಕೊಂಡರು. ಸಿಕ್ಕವರ ವಿಚಾರಣೆ ಮಾಡಿ ಕೊಂದರು. ಡಿಸೆಂಬರ್‌ನಲ್ಲಿ ಪಟ್ಟಣದೊಳಗೆ ಮತ್ತೊಮ್ಮೆ ಬಂಡಾಯವಾಯಿತು. ಮಹಾರಾಜರ ತಮ್ಮ ಚಿಮಾಸಾಹೇಬರನ್ನು ಕರಾಚಿಗೆ ಸಾಗಿಸಿದರು, ಅವರು ಅಲ್ಲಿಯೇ ತೀರಿಕೊಂಡರು. ಚಿಮಾಸಾಹೇಬರ ಹೆಸರಿನ ಚೌಕ ಇಂದು ಕೊಲ್ಹಾಪುರದಲ್ಲಿದೆ. ಅದೇ ದಂಗೆಯಲ್ಲಿ ಜೀವ ಕೊಟ್ಟ ಸಿಪಾಯಿಗಳಲ್ಲಿ ಎಷ್ಟು ಜನರ ಹೆಸರು ನಮಗೆ ಗೊತ್ತು?

ಕೂತ್‌ನ 147 ದಿನಗಳು

ಮೊದಲ ಮಹಾಯುದ್ಧ 1914ರಲ್ಲಿ ಶುರುವಾಯಿತು. ಆಗ ಸಿಪಾಯಿಯ ಪಗಾರ ತಿಂಗಳಿಗೆ 11 ರೂಪಾಯಿ. ಮಳೆ ನಂಬಿದ ಹೊಲದವನಿಗೆ ತಿಂಗಳು ತಿಂಗಳು ಬರುವ ಹಣ ಎಂದರೆ ದೊಡ್ಡ ಮಾತು. ಮುಂಬಯಿ ಪ್ರಾಂತದ ಮರಾಠಾ ಪಲ್ಟಣಗಳು ಹೆಚ್ಚಾಗಿ ಹೋದದ್ದು ಮೆಸಪೊಟೇಮಿಯಾಕ್ಕೆ, ಅಂದರೆ ಇಂದಿನ ಇರಾಕ್‌ಗೆ. 103, 110 ಮತ್ತು 117ನೆಯ ಮರಾಠಾ ಪಲ್ಟಣಗಳು ಜನರಲ್ ಟೌನ್‌ಶೆಂಡನ ಕೈಕೆಳಗೆ ಬಾಗ್ದಾದಿನ ಹತ್ತಿರದವರೆಗೂ ಹೋದವು. ಅಲ್ಲಿ ತುರ್ಕರಿಂದ ಪೆಟ್ಟು ತಿಂದು ಹಿಂದಕ್ಕೆ ಬಂದು, ಟೈಗ್ರಿಸ್ ನದಿಯ ತಿರುವಿನಲ್ಲಿದ್ದ ಕೂತ್ ಎಂಬ ಊರಿನಲ್ಲಿ ಸಿಕ್ಕಿಬಿದ್ದವು.

1915ರ ಡಿಸೆಂಬರ್ ಮೊದಲ ವಾರದಿಂದ 1916ರ ಏಪ್ರಿಲ್ 29ರವರೆಗೆ, 147 ದಿನ ಆ ಮುತ್ತಿಗೆ ನಡೆಯಿತು. ಗುಂಡಿಗಿಂತ ದೊಡ್ಡ ವೈರಿ ಹಸಿವು. ಹಿಟ್ಟು ಕಡಿಮೆಯಾಯಿತು, ಜವೆಯ ರೊಟ್ಟಿ ಬಂತು, ಅದೂ ದಿನದಿಂದ ದಿನಕ್ಕೆ ಸಣ್ಣದಾಯಿತು. ತರಕಾರಿ ಇಲ್ಲದೆ ಒಸಡಿನಲ್ಲಿ ರಕ್ತ ಸೋರುವ ಸ್ಕರ್ವಿ ರೋಗ ಹಬ್ಬಿತು. ಬಯಲಿನ ಸೊಪ್ಪು ಸದೆ ಕಿತ್ತು ಬೇಯಿಸಿ ತಿಂದರು. ಕೊನೆಗೆ ಕುದುರೆ, ಹೇಸರಗತ್ತೆಗಳನ್ನು ಕೊಯ್ಯಲು ಶುರುಮಾಡಿದರು. ಇಂಗ್ಲಿಷ್ ಸಿಪಾಯಿಗಳು ತಿಂದರು. ನಮ್ಮವರಲ್ಲಿ ಬಹುಪಾಲು ಮಂದಿ ತಿಂಗಳುಗಟ್ಟಲೆ ಮುಟ್ಟಲಿಲ್ಲ. ಕುದುರೆ ಮಾಂಸ ತಿನ್ನಬಹುದೆಂದು ಹಿಂದೂಸ್ಥಾನದ ಧರ್ಮಗುರುಗಳಿಂದ ಒಪ್ಪಿಗೆ ತರಿಸಿ ಸಾರಿದರೂ ಹಿಂಜರಿದರು.

ಇದನ್ನು ಮೂಢನಂಬಿಕೆ ಎಂದು ಬರೆದ ಇಂಗ್ಲಿಷ್ ಅಧಿಕಾರಿಗಳಿದ್ದಾರೆ. ನಮಗೆ ಹಾಗೆ ಅನಿಸುವುದಿಲ್ಲ. ಕೂತ್‌ನಲ್ಲಿ ತಿಂದದ್ದಕ್ಕೆ ಊರಿನಲ್ಲಿ ಉತ್ತರ ಹೇಳಬೇಕಿತ್ತು. ಪಂಕ್ತಿಯಲ್ಲಿ ಕೂಡಿಸುತ್ತಾರೋ ಇಲ್ಲವೋ, ತಂಗಿಯ ಮದುವೆ ನಿಲ್ಲುತ್ತದೋ ಏನೋ! ಧರ್ಮಗುರುಗಳ ತಂತಿ ಬಂದರೆ ಊರಿನ ಹಿರಿಯರ ಬಾಯಿ ಮುಚ್ಚುತ್ತದೆಯೆ? ಏಪ್ರಿಲ್‌ನಲ್ಲಿ ಬೇರೆ ದಾರಿಯೇ ಇಲ್ಲದಾಗ ಬಹಳ ಮಂದಿ ತಿಂದರು. ಅಷ್ಟರೊಳಗೆ ಎಷ್ಟೋ ಮಂದಿ ನಿತ್ರಾಣರಾಗಿದ್ದರು.

ಬಿಡಿಸಲು ಬಂದ ಸೈನ್ಯ ಸುಮಾರು 23,000 ಜನರ ಸಾವು ನೋವು ಕಂಡು ಹಿಂದೆ ಸರಿಯಿತು. ವಿಮಾನದಿಂದ ಹಿಟ್ಟಿನ ಚೀಲ ಇಳಿಸಿ ನೋಡಿದರು, ಅದು ಎಲ್ಲಿ ಸಾಕಾದೀತು? ಕೂತ್ ಶರಣಾದಾಗ ಸುಮಾರು 13,000 ಮಂದಿ ಸೆರೆಯಾದರು. ಅವರಲ್ಲಿ ಹೆಚ್ಚಿನವರು ಭಾರತೀಯರು. ಮುಂದೆ ಏನಾಯಿತು ನೋಡಿ. ಜನರಲ್ ಟೌನ್‌ಶೆಂಡನನ್ನು ಇಸ್ತಾಂಬುಲ್ ಬಳಿಯ ಒಂದು ದ್ವೀಪದ ಮನೆಯಲ್ಲಿ ಮರ್ಯಾದೆಯಿಂದ ಇಟ್ಟುಕೊಂಡರು. ಸಾಮಾನ್ಯ ಸಿಪಾಯಿಗಳನ್ನು ಮರುಭೂಮಿಯ ಬಿಸಿಲಿನಲ್ಲಿ ಕಾಲ್ನಡಿಗೆಯಲ್ಲಿ ಹೊರಡಿಸಿದರು. ದಾರಿಯಲ್ಲಿ ಬಿದ್ದವರು ಬಿದ್ದಲ್ಲೇ ಉಳಿದರು. ಉಳಿದವರಲ್ಲಿ ಬಹಳ ಮಂದಿ ರಾಸ್ ಅಲ್ ಐನ್ ಎಂಬಲ್ಲಿ ಬಾಗ್ದಾದ್ ರೈಲು ಹಾದಿಗೆ ಮಣ್ಣು ಹೊತ್ತರು. ಅದೇ ಸೆರೆಯಲ್ಲಿದ್ದ ಬಂಗಾಳದ ಶಿಶಿರ್ ಸರ್ಬಾಧಿಕಾರಿ ಎಂಬ ಆಸ್ಪತ್ರೆ ಸೇವಕ ತನ್ನ ಅನುಭವವನ್ನು ಬಂಗಾಳಿಯಲ್ಲಿ ಪುಸ್ತಕ ಮಾಡಿದ. ಅವನಿಗೆ ಅಕ್ಷರ ಬರುತ್ತಿತ್ತು. ಹೊಲದಿಂದ ನೇರವಾಗಿ ಪಲ್ಟಣಕ್ಕೆ ಹೋದ ನಮ್ಮ ಹುಡುಗರಿಗೆ ಆ ಭಾಗ್ಯ ಎಲ್ಲಿಂದ ಬರಬೇಕು? ಮನೆಗೆ ಪತ್ರ ಬರೆಸಲೂ ಇನ್ನೊಬ್ಬನ ಕೈ ಬೇಕಿತ್ತು. ಪತ್ರ ಬಂದರೆ ಓದಿ ಹೇಳಲು ಊರಿನಲ್ಲಿ ಮಾಸ್ತರನೇ ಬೇಕಿತ್ತು. ಬದುಕಿ ತಿರುಗಿ ಬಂದವರಿಗೆ 1918ರ ಇನ್‌ಫ್ಲುಯೆಂಜಾ ಮತ್ತು ಬರಗಾಲ ಊರಿನಲ್ಲಿ ಕಾದಿದ್ದವು.

ಬೆಳಗಾವಿಯ ಪರೇಡ್ ಮೈದಾನ

1922ರಲ್ಲಿ ಹಳೆಯ ಮರಾಠಾ ಪಲ್ಟಣಗಳನ್ನೆಲ್ಲ ಒಂದುಗೂಡಿಸಿ ಒಂದೇ ರೆಜಿಮೆಂಟ್ ಮಾಡಿದರು. 114ನೆಯ ಪಲ್ಟಣ ತರಬೇತಿ ಪಲ್ಟಣವಾಗಿ ಬೆಳಗಾವಿಯಲ್ಲಿ ನೆಲೆ ನಿಂತಿತು. ಅಂದಿನಿಂದ ನಮ್ಮ ಸೀಮೆಯ ಹುಡುಗನಿಗೆ ಸೈನ್ಯ ಎಂದರೆ ಬೆಳಗಾವಿ ಎಂದಾಯಿತು.

ಹೆಸರು ಮರಾಠಾ ಪಲ್ಟಣ ಎಂದ ಮಾತ್ರಕ್ಕೆ ಎಲ್ಲರ ಮನೆಮಾತು ಮರಾಠಿ ಆಗಿರಲಿಲ್ಲ. ಗಡಹಿಂಗ್ಲಜ, ಹುಕ್ಕೇರಿ, ಚಿಕ್ಕೋಡಿ ಭಾಗದ ಎಷ್ಟೋ ಮನೆಗಳಲ್ಲಿ ಅವ್ವನ ಸಂಗಡ ಕನ್ನಡ, ಸಂತೆಯಲ್ಲಿ ಮರಾಠಿ. ಪಲ್ಟಣಕ್ಕೆ ಹೋದರೆ ಹುಕುಂ ಇಂಗ್ಲಿಷಿನಲ್ಲಿ, ಪಾಠ ಹಿಂದುಸ್ತಾನಿಯಲ್ಲಿ. ಅದನ್ನೂ ಬರೆಯುವುದು ರೋಮನ್ ಲಿಪಿಯಲ್ಲಿ! ಆ ಪರೀಕ್ಷೆ ಪಾಸಾಗದೆ ಬಡ್ತಿ ಸಿಗುತ್ತಿರಲಿಲ್ಲ. ಹೀಗೆ ಎಷ್ಟೋ ರೈತರ ಮಕ್ಕಳು ಮೊದಲ ಸಲ ಸ್ಲೇಟು ಹಿಡಿದದ್ದು ಬಂದೂಕು ಹಿಡಿದ ಮೇಲೆ. ಭಾಷೆ ಬಾರದ ಹುಡುಗ ವರ್ಗದಲ್ಲಿ ದಡ್ಡನಂತೆ ಕಾಣುತ್ತಾನೆ, ಇದು ಗಡಿಭಾಗದ ಶಿಕ್ಷಕರಾದ ನಮಗೆ ಚೆನ್ನಾಗಿ ಗೊತ್ತು. ಪರೇಡ್ ಮೈದಾನದಲ್ಲೂ ಹಾಗೆಯೇ. ಅಲ್ಲಿ ತಪ್ಪಿದರೆ ಹೆಗಲ ಮೇಲೆ ಬಂದೂಕು ಹೊತ್ತು ಮೈದಾನ ಸುತ್ತಬೇಕು, ಅಷ್ಟೇ ವ್ಯತ್ಯಾಸ.

ಮಾಣಗಾವದಿಂದ ಬೆಳಗಾವಿಗೆ

ಸಿಪಾಯಿ ಆಗುವುದೂ ಎಲ್ಲರಿಗೂ ಸಿಗುವ ಭಾಗ್ಯವಾಗಿರಲಿಲ್ಲ. ಕಂಪನಿಯ ಕಾಲದಲ್ಲಿ ಮುಂಬಯಿ ಸೈನ್ಯದಲ್ಲಿ ಮಹಾರ ಸಮಾಜದವರು ದೊಡ್ಡ ಸಂಖ್ಯೆಯಲ್ಲಿದ್ದರು. 1890ರ ದಶಕದಲ್ಲಿ ಇಂಗ್ಲಿಷರು ಕೆಲವೇ ಜಾತಿಗಳನ್ನು ವೀರ ಜನಾಂಗ ಎಂದು ಆರಿಸಿಕೊಂಡು, ಮಹಾರರ ಭರ್ತಿ ನಿಲ್ಲಿಸಿದರು. ಇದರಿಂದ ಪಗಾರ, ಪಿಂಚಣಿ ಹೋದವು. ಅದಕ್ಕಿಂತ ಹೆಚ್ಚಾಗಿ ಮಕ್ಕಳ ಶಾಲೆ ಹೋಯಿತು. ಡಾ. ಅಂಬೇಡ್ಕರರ ತಂದೆ ಸುಭೇದಾರ ರಾಮಜಿಯವರು ಸೈನ್ಯದ ಶಾಲೆಯಲ್ಲಿ ಶಿಕ್ಷಕರಾಗಿದ್ದರು ಎಂಬುದನ್ನು ನೆನೆದರೆ ಈ ನಷ್ಟ ಎಷ್ಟು ದೊಡ್ಡದೆಂದು ತಿಳಿಯುತ್ತದೆ. ನಿವೃತ್ತ ಸಿಪಾಯಿ ಗೋಪಾಲಬಾಬಾ ವಲಂಗಕರ್ ಆಗಲೇ ಭರ್ತಿಗಾಗಿ ಅರ್ಜಿ ಸಿದ್ಧಪಡಿಸಿದರು. 1917ರಲ್ಲಿ ಯುದ್ಧಕ್ಕೆ ಜನ ಸಾಲದೆ ಬಂದಾಗ 111ನೆಯ ಮಹಾರ ಪಲ್ಟಣ ಕಟ್ಟಿದರು, ಯುದ್ಧ ಮುಗಿಯುತ್ತಲೇ 1921ರಲ್ಲಿ ಮುರಿದರು. ಬೇಕಾದಾಗ ವೀರ, ಬೇಡವಾದಾಗ ಅಸ್ಪೃಶ್ಯ!

ಇದೇ ಕಾಲಕ್ಕೆ, 1920ರ ಮಾರ್ಚ್ 21 ಮತ್ತು 22ರಂದು, ಇಚಲಕರಂಜಿ ಬಳಿಯ ಮಾಣಗಾವದಲ್ಲಿ ಅಸ್ಪೃಶ್ಯರ ಪರಿಷತ್ತು ಸೇರಿತು. ಅಧ್ಯಕ್ಷರು ತರುಣ ಅಂಬೇಡ್ಕರರು. ಕೊಲ್ಹಾಪುರದ ಶಾಹೂ ಮಹಾರಾಜರು ಬಂದು, ನಿಮಗೆ ನಿಮ್ಮ ನಾಯಕ ಸಿಕ್ಕಿದ್ದಾನೆ ಎಂಬರ್ಥದ ಮಾತು ಹೇಳಿದರು. ಇಪ್ಪತ್ತೊಂದು ವರ್ಷದ ನಂತರ, 1941ರಲ್ಲಿ ಅಂಬೇಡ್ಕರರು ರಕ್ಷಣಾ ಸಲಹಾ ಸಮಿತಿಯ ಸದಸ್ಯರಾಗಿದ್ದಾಗ, ಮಹಾರ ರೆಜಿಮೆಂಟಿನ ಮೊದಲ ಪಲ್ಟಣ ನಮ್ಮ ಬೆಳಗಾವಿಯಲ್ಲೇ ಹುಟ್ಟಿತು. ಆ ಸಿಪಾಯಿಗೆ ಸಮವಸ್ತ್ರ ಎಂದರೆ ಬರೀ ಬಟ್ಟೆ ಆಗಿರಲಿಲ್ಲ, ಊರಿನ ಬೀದಿಯಲ್ಲಿ ತಲೆ ಎತ್ತಿ ನಡೆಯುವ ಪರವಾನಗಿ ಆಗಿತ್ತು.

ಎರಡನೆಯ ಮಹಾಯುದ್ಧ

ಎರಡನೆಯ ಮಹಾಯುದ್ಧದಲ್ಲಿ ಮರಾಠಾ ಪಲ್ಟಣಗಳು ಎರಿಟ್ರಿಯಾದ ಕೆರೆನ್ ಬೆಟ್ಟ, ಲಿಬಿಯಾದ ಟೋಬ್ರುಕ್, ಇಟಲಿ, ಬರ್ಮಾ ಗಡಿಯ ಸಾಂಗಶಾಕ್‌ವರೆಗೆ ಹರಡಿದ್ದವು. 1942ರ ಜೂನ್‌ನಲ್ಲಿ ಟೋಬ್ರುಕ್ ಬಿದ್ದಾಗ ಎರಡನೆಯ ಪಲ್ಟಣ ಸೆರೆಯಾಯಿತು. ಇಟಲಿಯ ಬಂದೀಖಾನೆಗಳಲ್ಲಿದ್ದ ಭಾರತೀಯರಲ್ಲಿ ಕೆಲವರು 1943ರ ಸೆಪ್ಟೆಂಬರ್‌ನಲ್ಲಿ ಇಟಲಿ ಶರಣಾದ ಮೇಲೆ ತಪ್ಪಿಸಿಕೊಂಡರು. ಅವರಿಗೆ ಅಲ್ಲಿನ ಬಡ ರೈತರು ಅನ್ನ ಕೊಟ್ಟು ಅಡಗಿಸಿಟ್ಟರು. ಭಾಷೆ ಗೊತ್ತಿಲ್ಲ, ದೇವರು ಬೇರೆ, ಆದರೂ ರೈತ ರೈತನನ್ನು ಗುರುತಿಸಿದ.

ಆ ಯುದ್ಧದಲ್ಲಿ ಈ ರೆಜಿಮೆಂಟಿಗೆ ಎರಡು ವಿಕ್ಟೋರಿಯಾ ಕ್ರಾಸ್ ಬಂದವು. ಒಬ್ಬರು ಜಂಜೀರಾ ಸೀಮೆಯ ನಾಯಕ್ ಯಶವಂತ ಘಾಡಗೆ, 1944ರ ಜುಲೈ 10ರಂದು ಮಡಿದವರು. ಇನ್ನೊಬ್ಬರು ಅಹಮದನಗರ ಜಿಲ್ಲೆಯ ಸಿಪಾಯಿ ನಾಮದೇವ ಜಾಧವ. ಕಂಪನಿಯ ಸಂದೇಶ ಮುಟ್ಟಿಸುವ ಓಟಗಾರ ಅವರು. 1945ರ ಏಪ್ರಿಲ್ 9ರಂದು ಸೆನಿಯೊ ನದಿಯ ದಂಡೆಯಲ್ಲಿ ಗಾಯಗೊಂಡ ಇಬ್ಬರನ್ನು ನೆಲಬಾಂಬುಗಳ ನಡುವಿನಿಂದ ಹೊತ್ತು ತಂದರು, ಆಮೇಲೆ ಶತ್ರುವಿನ ಮಷಿನ್‌ಗನ್ ನೆಲೆಗಳ ಬಾಯಿ ಮುಚ್ಚಿಸಿದರು. ಪಲ್ಟಣದ ಅತಿ ಕೆಳಗಿನ ದರ್ಜೆಯವನ ಹೆಸರು ಇತಿಹಾಸಕ್ಕೆ ಸೇರಿದ ಅಪರೂಪದ ಪ್ರಸಂಗವಿದು.

ಹೆಸರಿನ ಪ್ರಶ್ನೆ

ಅಪರೂಪ ಎಂದು ಯಾಕೆ ಹೇಳುತ್ತೇವೆ? ಮೊದಲ ಮಹಾಯುದ್ಧದ ನಂತರ ಸರಕಾರ ಬಹಳ ಹಳ್ಳಿಗಳಿಗೆ ಕಲ್ಲಿನ ಫಲಕ ಕೊಟ್ಟಿತು. ಈ ಊರಿನಿಂದ ಇಷ್ಟು ಮಂದಿ ಯುದ್ಧಕ್ಕೆ ಹೋದರು, ಇಷ್ಟು ಮಂದಿ ಪ್ರಾಣ ಕೊಟ್ಟರು ಎಂದು ಅದರಲ್ಲಿರುತ್ತದೆ. ಅಂಕಿ ಇದೆ, ಹೆಸರಿಲ್ಲ. ಇರಾಕ್‌ನ ಬಸ್ರಾದಲ್ಲಿ 1929ರಲ್ಲಿ ಕಟ್ಟಿದ ಸ್ಮಾರಕ 40,000ಕ್ಕೂ ಹೆಚ್ಚು ಮೃತರದ್ದು. ಅಲ್ಲಿ ಬ್ರಿಟಿಷ್ ಸಿಪಾಯಿಗಳ ಹೆಸರು ಕೆತ್ತಿದರು, ಭಾರತೀಯ ಸಾಮಾನ್ಯ ಸಿಪಾಯಿಗಳದ್ದು ಪಲ್ಟಣವಾರು ಸಂಖ್ಯೆ ಮಾತ್ರ. ಸ್ಮಾರಕಗಳ ಹೊಣೆ ಹೊತ್ತ ಕಾಮನ್‌ವೆಲ್ತ್ ಆಯೋಗ ಈ ತಾರತಮ್ಯವನ್ನು ಒಪ್ಪಿಕೊಂಡು ಕ್ಷಮೆ ಕೇಳಿದ್ದು 2021ರ ಏಪ್ರಿಲ್‌ನಲ್ಲಿ. ಕೂತ್ ಶರಣಾಗಿ ಆಗಲೇ 105 ವರ್ಷ ಕಳೆದಿತ್ತು!

ಇಂದು ಅಗ್ನಿಪಥ ಬಂದಿದೆ. 2022ರಲ್ಲಿ ಶುರುವಾದ ಈ ಯೋಜನೆಯಲ್ಲಿ ನಾಲ್ಕು ವರ್ಷದ ಚಾಕರಿ, ಆಮೇಲೆ ನೂರಕ್ಕೆ 25ರವರೆಗೆ ಮಾತ್ರ ಖಾಯಂ ಆಗುವ ಅವಕಾಶ. ಆದರೂ ನಸುಕಿನಲ್ಲಿ ನಮ್ಮ ರಸ್ತೆಗಳ ಮೇಲೆ 1600 ಮೀಟರ್ ಓಟದ ತಯಾರಿ ನಿಂತಿಲ್ಲ. ಗಡಕರಿಯ ಹೊಲದ ಚಿಂತೆಗೂ ಈ ಹುಡುಗನ ನೌಕರಿಯ ಚಿಂತೆಗೂ ದೂರ ಬಹಳವಿಲ್ಲ. ದೇಶಭಕ್ತಿ ಇಲ್ಲವೆಂದು ನಾವು ಹೇಳುತ್ತಿಲ್ಲ, ಇದೆ. ಅದರ ಬೆನ್ನಿಗೇ ಹೊಟ್ಟೆಯೂ ಇದೆ, ಮಾನವೂ ಇದೆ. ಮೂರನ್ನೂ ಒಟ್ಟಿಗೆ ನೋಡಿದರೆ ಮಾತ್ರ ಸಿಪಾಯಿ ಮನುಷ್ಯನಾಗಿ ಕಾಣುತ್ತಾನೆ.

ಬಸ್ರಾದ ಕಲ್ಲನ್ನು ತಿದ್ದುವುದು ನಮ್ಮ ಕೈಯಲ್ಲಿಲ್ಲ. ನಮ್ಮ ಊರಿನ ಪಟ್ಟಿ ಬರೆಯುವುದು ನಮ್ಮ ಕೈಯಲ್ಲಿದೆ. ಪ್ರತಿ ಶಾಲೆಯ ಏಳನೆಯ ವರ್ಗದ ಮಕ್ಕಳು ಒಂದು ವಹಿ ಹಿಡಿದು ಮನೆ ಮನೆಗೆ ಹೋಗಲಿ. ಹಳೆಯ ಟ್ರಂಕಿನಲ್ಲಿ ಪಿಂಚಣಿ ಪುಸ್ತಕವಿದೆಯೆ, ಪದಕವಿದೆಯೆ, ಅಜ್ಜಿಗೆ ಯಾರ ಮನಿ ಆರ್ಡರ್ ಬರುತ್ತಿತ್ತು ಎಂದು ಕೇಳಲಿ. ಹೆಸರು, ತಂದೆಯ ಹೆಸರು, ಪಲ್ಟಣ, ಹೋದ ವರ್ಷ, ಬಂದ ವರ್ಷ ಬರೆಯಲಿ. ಬಾರದವನಿಗೆ ಆ ಕೊನೆಯ ಕಲಂ ಖಾಲಿ ಬಿಡಲಿ. ಕನ್ನಡದಲ್ಲಾದರೂ ಸರಿ, ಮರಾಠಿಯಲ್ಲಾದರೂ ಸರಿ, ಹೇಳುವ ಅಜ್ಜ ಅಜ್ಜಿಯರು ಇರುವಷ್ಟರಲ್ಲಿ ಈ ಕೆಲಸ ಆಗಬೇಕು.