ಕಾಶಿಯ ಶಹನಾಯಿ, ನಮ್ಮ ಅಪ್ಪಣ್ಣ



ಇಂಡೋನೇಷ್ಯಾದಲ್ಲಿ 'ದಂಗ್‌ದುತ್' ಎಂಬ ಜನಪ್ರಿಯ ಸಂಗೀತವಿದೆ. ಹೆಸರು ಬಂದದ್ದು ತಬಲಾವನ್ನು ಹೋಲುವ ಬಡಿತದಿಂದ: 'ದಂಗ್' ಒಂದು ಪೆಟ್ಟು, 'ದುತ್' ಇನ್ನೊಂದು. ಮಲಯ, ಅರಬ್ ಧಾಟಿಗಳ ಜೊತೆ ಹಿಂದಿ ಚಿತ್ರಗೀತೆ ಬೆರೆತು ಬೆಳೆದ ಈ ಸಂಗೀತವನ್ನು 1970ರ ದಶಕದಲ್ಲಿ ರೋಮಾ ಇರಾಮಾ ಮನೆಮಾತಾಗಿಸಿದರು. ನಮ್ಮ ಸಿನಿಮಾ ಹಾಡು ಹೀಗೆ ಕಡಲು ದಾಟಿತ್ತು.

ಅದೇ ದಶಕದಲ್ಲಿ, ಸಿನಿಮಾದ ಕೈಹಿಡಿದೇ, ಕಾಶಿಯ ವಾದ್ಯವೊಂದು ಕನ್ನಡಕ್ಕೆ ಬಂತು. ನೆನಪಾಯಿತೇ? 1977ರ 'ಸನಾದಿ ಅಪ್ಪಣ್ಣ'. ಕೃಷ್ಣಮೂರ್ತಿ ಪುರಾಣಿಕರ ಕಥೆ, ವಿಜಯ್ ನಿರ್ದೇಶನ, ಜಿ.ಕೆ. ವೆಂಕಟೇಶ್ ಸಂಗೀತ. ತೆರೆಯ ಮೇಲೆ ಸನಾದಿ ಹಿಡಿದವರು ಡಾ. ರಾಜ್‌ಕುಮಾರ್; ಅದರೊಳಗಿನ ಉಸಿರು ಉಸ್ತಾದ್ ಬಿಸ್ಮಿಲ್ಲಾ ಖಾನರದು.

ಖಾನ್ ಸಾಹೇಬರು ಹುಟ್ಟಿದ್ದು 1916ರಲ್ಲಿ, ಬಿಹಾರದ ಡುಮ್ರಾವ್‌ನಲ್ಲಿ. ಬೆಳೆದದ್ದು ಕಾಶಿಯಲ್ಲಿ, ಸೋದರಮಾವ ಅಲಿ ಬಕ್ಷ್ ಅವರ ಶಿಷ್ಯನಾಗಿ. ಗಂಗೆಯ ದಡದ ಬಾಲಾಜಿ ಮಂದಿರದಲ್ಲಿ ಅವರ ಅಭ್ಯಾಸ. ಐದು ಹೊತ್ತಿನ ನಮಾಜಿಗೂ ಮಂದಿರದ ರಿಯಾಜಿಗೂ ಅವರಿಗೆ ಜಗಳವೇ ಇರಲಿಲ್ಲ. 1959ರ ಹಿಂದಿ ಚಿತ್ರ 'ಗೂಂಜ್ ಉಠಿ ಶಹನಾಯಿ'ಯಲ್ಲೂ ನುಡಿಸಿದ್ದರು. ಆಕಾಶವಾಣಿಯ ಬೆಳಗಿನ ಮಂಗಳಧ್ವನಿಯಲ್ಲಿ ಅವರನ್ನು ಕೇಳಿಯೇ ಹಾಸಿಗೆ ಬಿಟ್ಟೆದ್ದವರು ನಿಮ್ಮಲ್ಲೂ ಇರಬಹುದು.

'ಸನಾದಿ ಅಪ್ಪಣ್ಣ' ಮುಖ್ಯವಾಗುವುದು ಇಲ್ಲೇ. ನಮ್ಮ ಮದುವೆಗಳಲ್ಲಿ ಓಲಗವಿಲ್ಲದೆ ತಾಳಿ ಕಟ್ಟುವಂತಿಲ್ಲ. ಆದರೆ ಓಲಗದವರು ಕೂರುವುದು ಚಪ್ಪರದ ಮೂಲೆಯಲ್ಲಿ. ಊಟ ಎಲ್ಲರ ಪಂಕ್ತಿ ಎದ್ದ ಮೇಲೆ. ಆ ಮೂಲೆಯ ಮನುಷ್ಯನನ್ನು ಸಿನಿಮಾ ಕಥಾನಾಯಕನಾಗಿ ಮಾಡಿತು. ಅವನಿಗೆ ಕಾಶಿಯ ದೊಡ್ಡ ಉಸ್ತಾದರ ನಾದವನ್ನೇ ಕೊಟ್ಟಿತು. ಎಸ್. ಜಾನಕಿಯವರ ದನಿಯೂ ಆ ಶಹನಾಯಿಯೂ ಒಂದನ್ನೊಂದು ಹಿಂಬಾಲಿಸುವ ಹಾಡನ್ನು ಹಾಕಿದಾಗ ನಡುವೆ ಮಾತಾಡಲು ನನಗೆ ಇಂದಿಗೂ ಮನಸ್ಸು ಬರುವುದಿಲ್ಲ.

2001ರಲ್ಲಿ ಅವರಿಗೆ ಭಾರತರತ್ನ ಬಂತು. 2006ರ ಆಗಸ್ಟ್ 21ರಂದು ಕಾಶಿಯಲ್ಲೇ ಕಣ್ಮುಚ್ಚಿದರು. ಮುಂದಿನದು ಹೇಳಲು ಸಂಕಟದ ಸಂಗತಿ. 2016ರ ಡಿಸೆಂಬರಿನಲ್ಲಿ ಅವರ ಬೆಳ್ಳಿಯ ಶಹನಾಯಿಗಳು ಕಳುವಾದವು. ಮರುತಿಂಗಳು ಪೊಲೀಸರಿಗೆ ಸಿಕ್ಕಿದ್ದು ಕರಗಿಸಿದ ಬೆಳ್ಳಿ. ಮಾರಿದ್ದು 17,000 ರೂಪಾಯಿಗೆ!

ವಾದ್ಯ ಕರಗಿತು. ನಾದ ನಮ್ಮ ಧ್ವನಿಮುದ್ರಿಕೆಗಳಲ್ಲಿದೆ, ಅದರಲ್ಲಿ ಒಂದು ಪಾಲು ಕನ್ನಡದ್ದು. ಕೇಳುತ್ತಿರಿ. ಹಾಗೆಯೇ ಮುಂದಿನ ಮದುವೆಗೆ ಹೋದಾಗ, ಓಲಗದವರ ಬಳಿ ಒಂದು ಗಳಿಗೆ ನಿಂತು, "ಊಟ ಆಯ್ತಾ?" ಎಂದು ವಿಚಾರಿಸಿ.