ಡೋಂಗಲ್ ಹಿಂದಿನ ಡಿಎಲ್‌ಎಲ್: ನಿಮ್ಮ ಡಿಜಿಟಲ್ ಸಹಿ ಯಾರ ಕೈ ದಾಟಿ ಹೋಗುತ್ತೆ?

ಗ್ರಾಮ ಪಂಚಾಯ್ತಿ ರಾಜಕಾರಣವನ್ನು ಹತ್ತಿರದಿಂದ ನೋಡಿದವರಿಗೆ ‘ಡೋಂಗಲ್’ ಅನ್ನೋ ಪದ ಹೊಸದಲ್ಲ. ಅಧ್ಯಕ್ಷರದ್ದೊಂದು, ಪಿಡಿಒ ಅವರದ್ದೊಂದು. ಎರಡೂ ಕೂಡಿದರೆ ಬಿಲ್ ಪಾಸು, ಒಂದು ಕೈಕೊಟ್ಟರೆ ಹಣ ನಿಂತಲ್ಲೇ ನಿಲ್ಲುತ್ತೆ. ಚೆಕ್‌ಬುಕ್ಕಿನ ಕಾಲದಲ್ಲಿ ಸಹಿಗಿದ್ದ ಅಧಿಕಾರ ಈಗ ಹೆಬ್ಬೆರಳು ಗಾತ್ರದ ಯುಎಸ್‌ಬಿ ಕಡ್ಡಿಗೆ ಬಂದಿದೆ. ಹಾಗಾಗಿ ‘ಡೋಂಗಲ್ ಯಾರ ಹತ್ರ ಇದೆ?’ ಅನ್ನೋದು ಪಕ್ಕಾ ರಾಜಕೀಯ ಪ್ರಶ್ನೆ.

ಆದ್ರೆ ಆ ಕಡ್ಡಿ ತಾನಾಗಿಯೇ ವಿಂಡೋಸ್ ಜೊತೆ ಮಾತಾಡಲ್ಲ. ಇಬ್ಬರ ನಡುವೆ ಒಂದು ಫೈಲ್ ಕೂತಿರುತ್ತೆ. ಅದರ ಹೆಸರು ಡಿಎಲ್‌ಎಲ್. ಈ ಫೈಲ್ ಬಗ್ಗೆ ಕನ್ನಡದಲ್ಲಿ ಹೆಚ್ಚು ಚರ್ಚೆಯಾಗಿಲ್ಲ. ಆಗಬೇಕು ಅನ್ನೋದು ನನ್ನ ಅಭಿಪ್ರಾಯ. ಯಾಕೆ ಅಂತ ಹಂತ ಹಂತವಾಗಿ ಹೇಳ್ತೀನಿ.

ಯಾವ ಡೋಂಗಲ್?

ಇಂಟರ್ನೆಟ್ ಕೊಡುವ ಸಿಮ್ ಡೋಂಗಲ್ ಅಲ್ಲ. ಇಲ್ಲಿ ಎರಡು ಜಾತಿಗಳಿವೆ.

ಮೊದಲನೆಯದು ಲೈಸೆನ್ಸ್ ಬೀಗ. ದುಬಾರಿ ಸಾಫ್ಟ್‌ವೇರ್ ಕಳ್ಳನಕಲು ಆಗದಿರಲಿ ಅಂತ ಕಂಪನಿಗಳು ಕೊಡುವ ಕಡ್ಡಿ. ಅದನ್ನು ಚುಚ್ಚದಿದ್ದರೆ ಸಾಫ್ಟ್‌ವೇರ್ ತೆರೆಯೋದೇ ಇಲ್ಲ. ಮೂಲತಃ ಇಸ್ರೇಲಿನ ಅಲಾದಿನ್ ಕಂಪನಿಯದ್ದಾಗಿದ್ದ ಹ್ಯಾಸ್ಪ್, ಜರ್ಮನಿಯ ವಿಬು-ಸಿಸ್ಟಮ್ಸ್‌ನ ಕೋಡ್‌ಮೀಟರ್ ಈ ಜಾತಿಯವು. ಯೂನಿಕೋಡ್ ಬಳಕೆಗೆ ಬರುವ ಮೊದಲು ಕನ್ನಡ ಡಿಟಿಪಿ ಅಂಗಡಿಗಳಲ್ಲೂ ಇಂಥ ಬೀಗಗಳಿದ್ದವು. ಪ್ರಿಂಟರ್ ಪೋರ್ಟಿಗೆ ಬೀಗ ಸಿಕ್ಕಿಸಿದರೆ ಮಾತ್ರ ಕನ್ನಡ ಅಕ್ಷರ ಮೂಡುತ್ತಿದ್ದ ಕಾಲ ಅದು. ನಮ್ಮ ಲಿಪಿಗೇ ಬೀಗ ಹಾಕಿದ್ದರು ಅಂದ್ರೂ ಅತಿಶಯೋಕ್ತಿ ಆಗಲ್ಲ.

ಎರಡನೆಯದು ಸಹಿಯ ಟೋಕನ್. ಪಂಚಾಯ್ತಿ, ಟೆಂಡರ್, ಜಿಎಸ್‌ಟಿ, ಕಂಪನಿ ನೋಂದಣಿಗಳಲ್ಲಿ ಓಡಾಡುವುದು ಇದೇ. ಮಾಹಿತಿ ತಂತ್ರಜ್ಞಾನ ಕಾಯ್ದೆ 2000 ಡಿಜಿಟಲ್ ಸಹಿಗೆ ಕಾನೂನಿನ ಮಾನ್ಯತೆ ಕೊಟ್ಟಿದೆ. ಆ ಸಹಿ ಹುಟ್ಟಿಸುವ ರಹಸ್ಯ ಕೀಲಿ ಈ ಟೋಕನ್ ಒಳಗಿನ ಚಿಪ್‌ನಲ್ಲಿರುತ್ತೆ.

ಡಿಎಲ್‌ಎಲ್ ಅಂದ್ರೇನು?

ಡೈನಾಮಿಕ್ ಲಿಂಕ್ ಲೈಬ್ರರಿ. ಒಂದೇ ಕೆಲಸವನ್ನು ಹತ್ತು ಸಾಫ್ಟ್‌ವೇರ್‌ಗಳು ಮಾಡಬೇಕಿದ್ದರೆ ಪ್ರತಿಯೊಂದರಲ್ಲೂ ಆ ಕೋಡ್ ಬರೆಯುವ ಬದಲು ಒಂದು ಕಡೆ ಬರೆದಿಟ್ಟು, ಬೇಕಾದಾಗ ಕರೆಸಿಕೊಳ್ಳುವ ವ್ಯವಸ್ಥೆ ಇದು. ಊರಿನ ಪಾತ್ರೆ ಸಾಮಾನು ದೇವಸ್ಥಾನದಲ್ಲಿಟ್ಟು, ಮದುವೆ ಇದ್ದವರು ಒಯ್ಯುತ್ತಾರಲ್ಲ, ಹಾಗೆ.

ಡೋಂಗಲ್ ವಿಷಯದಲ್ಲಿ ಈ ಫೈಲ್ ದುಭಾಷಿ. ಕಡ್ಡಿ ಒಳಗಿನ ಚಿಪ್‌ಗೆ ತನ್ನದೇ ಭಾಷೆ, ಬ್ರೌಸರ್‌ಗೋ ಪಿಡಿಎಫ್ ಸಾಫ್ಟ್‌ವೇರ್‌ಗೋ ಇನ್ನೊಂದು ಭಾಷೆ. ಇವರಿಬ್ಬರೂ ಒಪ್ಪಿದ ಸಾಮಾನ್ಯ ಭಾಷೆಯ ಹೆಸರು ಪಿಕೆಸಿಎಸ್ 11. 1990ರ ದಶಕದಲ್ಲಿ ಆರ್‌ಎಸ್‌ಎ ಸಂಸ್ಥೆ ರೂಪಿಸಿದ ಈ ಮಾನದಂಡವನ್ನು ಈಗ ಒಯಾಸಿಸ್ ಎಂಬ ಸಂಘಟನೆ ನೋಡಿಕೊಳ್ಳುತ್ತಿದೆ. ಪ್ರತಿ ಟೋಕನ್ ಕಂಪನಿ ಈ ಮಾನದಂಡಕ್ಕೆ ತಕ್ಕ ತನ್ನದೇ ಡಿಎಲ್‌ಎಲ್ ಕೊಡುತ್ತೆ. ಭಾರತದಲ್ಲಿ ಹೆಚ್ಚು ಕಾಣುವ ಇ-ಪಾಸ್ 2003 ಟೋಕನ್‌ಗೆ ‘ಇಪಿಎಸ್2003ಸಿಎಸ್‌ಪಿ11.ಡಿಎಲ್‌ಎಲ್’ ಅನ್ನೋ ಫೈಲ್ ಇದೆ.

ಇಲ್ಲೊಂದು ತಮಾಷೆಯೂ ಇದೆ. 64 ಬಿಟ್ ವಿಂಡೋಸ್‌ನಲ್ಲಿ 64 ಬಿಟ್ ಡಿಎಲ್‌ಎಲ್‌ಗಳು ಇರೋದು ‘ಸಿಸ್ಟಮ್32’ ಫೋಲ್ಡರ್‌ನಲ್ಲಿ, 32 ಬಿಟ್‌ನವು ‘ಸಿಸ್‌ವಾವ್64’ನಲ್ಲಿ. ಹೆಸರು ತಿರುವುಮುರುವು. ಸಾಫ್ಟ್‌ವೇರ್ 32 ಬಿಟ್ ಆಗಿದ್ದು, ಡಿಎಲ್‌ಎಲ್ 64 ಬಿಟ್ ಆಗಿದ್ದರೆ ಲೋಡ್ ಆಗಲ್ಲ. ಕಡ್ಡಿ ಕೆಟ್ಟಿದೆ ಅಂತ ಎಸೆದ ಎಷ್ಟೋ ಡೋಂಗಲ್‌ಗಳ ರೋಗ ಇದೇ ಇರಬಹುದು.

ಸಹಿ ಬೀಳುವುದು ಹೇಗೆ?

ನೀವು ‘ಸೈನ್’ ಒತ್ತಿದಾಗ ಏನಾಗುತ್ತೆ ನೋಡಿ. ಸಾಫ್ಟ್‌ವೇರ್ ಮೊದಲು ದಾಖಲೆಯನ್ನು ಅರೆದು ಹಿಂಡಿ ಒಂದು ಹ್ಯಾಶ್ ತೆಗೆಯುತ್ತೆ. ಎಸ್‌ಎಚ್‌ಎ-256 ಆದರೆ ದಾಖಲೆ ನೂರು ಪುಟದ್ದಿರಲಿ, ಒಂದು ಸಾಲಿನದ್ದಿರಲಿ, ಹ್ಯಾಶ್ ಬರೀ 32 ಬೈಟ್. ಆಮೇಲೆ ಡಿಎಲ್‌ಎಲ್ ಲೋಡ್ ಆಗುತ್ತೆ, ನಿಮ್ಮ ಪಿನ್ ಕೇಳಿ ಟೋಕನ್‌ಗೆ ತಲುಪಿಸುತ್ತೆ. ಪಿನ್ ಸರಿಯಿದ್ದರೆ ಹ್ಯಾಶ್ ಒಳಗೆ ಹೋಗಿ, ಚಿಪ್‌ನೊಳಗೇ ಸಹಿಯಾಗಿ ಹೊರಗೆ ಬರುತ್ತೆ. ರಹಸ್ಯ ಕೀಲಿ ಮಾತ್ರ ಯಾವ ಕಾರಣಕ್ಕೂ ಟೋಕನ್ ಬಿಟ್ಟು ಆಚೆ ಬರಲ್ಲ. ಈ ವಿನ್ಯಾಸ ಗಟ್ಟಿ, ಅದರಲ್ಲಿ ಅನುಮಾನ ಬೇಡ.

ಈಗ ಮುಖ್ಯ ಮಾತು. ಟೋಕನ್‌ಗೆ ಪರದೆ ಇಲ್ಲ. ಅದು ನೋಡುವುದು 32 ಬೈಟ್ ಮಾತ್ರ. ಪರದೆ ಮೇಲೆ ನಿಮಗೆ 50,000 ರೂಪಾಯಿ ಬಿಲ್ ಕಾಣಿಸಿ, ಹಿಂದಿನಿಂದ 5 ಲಕ್ಷದ ಬಿಲ್ಲಿನ ಹ್ಯಾಶ್ ಕಳಿಸಿದರೂ ಅದು ನಿಷ್ಠೆಯಿಂದ ಸಹಿ ಹಾಕುತ್ತೆ. ಅಂದ್ರೆ ಡೋಂಗಲ್ ಎಷ್ಟೇ ಭದ್ರವಾಗಿರಲಿ, ನಾವು ನಂಬಬೇಕಾಗಿರುವುದು ಆ ಕಂಪ್ಯೂಟರ್ ಮತ್ತು ಆ ಡಿಎಲ್‌ಎಲ್ ಅನ್ನು. ಪಿನ್ ಕೂಡ ಇದೇ ಡಿಎಲ್‌ಎಲ್ ಮೂಲಕವೇ ಹಾದುಹೋಗುತ್ತೆ.

ಬಿರುಕು ಎಲ್ಲೆಲ್ಲಿ?

ಒಂದು, ಫೈಲ್ ಬಂದ ದಾರಿ. ‘ಡಿಎಲ್‌ಎಲ್ ಕಾಣೆಯಾಗಿದೆ’ ಅಂತ ವಿಂಡೋಸ್ ಹೇಳಿದ ಕೂಡಲೇ ಗೂಗಲ್ ಮಾಡಿ, ಸಿಕ್ಕ ಜಾಲತಾಣದಿಂದ ಇಳಿಸಿಕೊಳ್ಳುವ ಅಭ್ಯಾಸ ಹಲವರಿಗಿದೆ. ಡಿಎಲ್‌ಎಲ್ ಬರೀ ದತ್ತಾಂಶ ಅಲ್ಲ, ಓಡುವ ಕೋಡ್. ಕರೆಸಿಕೊಂಡ ಸಾಫ್ಟ್‌ವೇರ್‌ಗೆ ಎಷ್ಟು ಅಧಿಕಾರ ಇದೆಯೋ ಅಷ್ಟೂ ಅದಕ್ಕೂ ಸಿಗುತ್ತೆ. ಜೊತೆಗೆ, ಪೂರ್ತಿ ವಿಳಾಸ ಕೊಡದೆ ಬರೀ ಹೆಸರು ಹೇಳಿ ಕರೆದರೆ ವಿಂಡೋಸ್ ಸಾಮಾನ್ಯವಾಗಿ ಮೊದಲು ಹುಡುಕುವುದು ಆ ಸಾಫ್ಟ್‌ವೇರ್ ಇರುವ ಫೋಲ್ಡರ್‌ನಲ್ಲೇ. ಅಲ್ಲಿ ಅದೇ ಹೆಸರಿನ ಖೋಟಾ ಫೈಲ್ ಇಟ್ಟರೆ ಅಸಲಿಯನ್ನು ಕೇಳೋರೇ ಇಲ್ಲ.

ಎರಡು, ಡೋಂಗಲ್ ಜೊತೆ ಬರುವ ಹಿನ್ನೆಲೆ ಸೇವೆಗಳು. 2018ರ ಜನವರಿಯಲ್ಲಿ ಕ್ಯಾಸ್ಪರ್‌ಸ್ಕಿ ಸಂಶೋಧಕರು ಹ್ಯಾಸ್ಪ್ ಲೈಸೆನ್ಸ್ ಸಾಫ್ಟ್‌ವೇರ್‌ನಲ್ಲಿ 14 ದೋಷಗಳನ್ನು ಬಯಲಿಗಿಟ್ಟರು. ಡ್ರೈವರ್ ಇನ್‌ಸ್ಟಾಲ್ ಆಗುವಾಗ 1947ನೇ ಪೋರ್ಟ್ ವಿಂಡೋಸ್ ಫೈರ್‌ವಾಲ್‌ನಲ್ಲಿ ತೆರೆದುಕೊಳ್ಳುತ್ತಿತ್ತು. ಕಡ್ಡಿ ಕಿತ್ತುಕೊಂಡು ಹೋದರೂ ಬಾಗಿಲು ತೆರೆದೇ ಇರುತ್ತಿತ್ತು. ಕಂಪನಿ ತೇಪೆ ಹಾಕಿತು. 2020ರಲ್ಲಿ ಕೋಡ್‌ಮೀಟರ್‌ನಲ್ಲೂ ಆರು ದೋಷಗಳನ್ನು ಕ್ಲಾರೋಟಿ ಸಂಸ್ಥೆ ಪತ್ತೆಹಚ್ಚಿತು. ಕಾರ್ಖಾನೆಗಳನ್ನು ನಡೆಸುವ ಸಾಫ್ಟ್‌ವೇರ್‌ಗಳೇ ಈ ಬೀಗಗಳನ್ನು ನಂಬಿಕೊಂಡಿದ್ದವು.

ಮೂರು, ಮನುಷ್ಯರು. ಕಾರ್ಖಾನೆಯಿಂದ ಬಂದ ಪಿನ್ ಬದಲಿಸದೆ ಬಿಡುವುದು, ಪಿನ್ ಚೀಟಿಯನ್ನು ಟೋಕನ್‌ಗೇ ಅಂಟಿಸುವುದು, ದಿನವಿಡೀ ಚುಚ್ಚಿಯೇ ಇಡುವುದು. ಬಹಳ ಕಡೆ ಒಮ್ಮೆ ಪಿನ್ ಒತ್ತಿದರೆ ಆ ಸೆಷನ್ ಮುಗಿಯುವವರೆಗೆ ಸಾಲು ಸಾಲು ಸಹಿ ಹಾಕಬಹುದು.

ಇದು ಅಧಿಕಾರದ ಪ್ರಶ್ನೆ ಹೇಗೆ?

ಹಣಕಾಸು ಆಯೋಗದ ಅನುದಾನ ಪಂಚಾಯ್ತಿಗಳಲ್ಲಿ ಖರ್ಚಾಗುವುದು ಇ-ಗ್ರಾಮಸ್ವರಾಜ್ ಮೂಲಕ. ಅಲ್ಲಿ ಒಬ್ಬರು ಬಿಲ್ ತಯಾರಿಸಿ ಸಹಿ ಹಾಕಬೇಕು, ಇನ್ನೊಬ್ಬರು ಪರಿಶೀಲಿಸಿ ಸಹಿ ಹಾಕಬೇಕು. ಒಬ್ಬರೇ ದುಡ್ಡು ಎತ್ತದಿರಲಿ ಅನ್ನೋದು ಇದರ ಉದ್ದೇಶ. ಎರಡೂ ಟೋಕನ್ ಒಬ್ಬರ ಡ್ರಾಯರ್‌ನಲ್ಲಿದ್ದರೆ ಆ ಉದ್ದೇಶ ಅಲ್ಲೇ ಸತ್ತಂತೆ. ಕರ್ನಾಟಕದ ಪಂಚಾಯ್ತಿಗಳಲ್ಲಿ ಮಹಿಳೆಯರಿಗೆ ಶೇ. 50 ಮೀಸಲಾತಿ ಇದೆ. ಅಧ್ಯಕ್ಷೆಯ ಟೋಕನ್ ಗಂಡನ ಜೇಬಿನಲ್ಲೋ, ದಲಿತ ಅಧ್ಯಕ್ಷರದ್ದು ಊರ ಗೌಡರ ಮನೆಯಲ್ಲೋ ಇದ್ದರೆ ಮೀಸಲಾತಿ ಬರೀ ಬೋರ್ಡಿನ ಮೇಲಿನ ಹೆಸರಾಗುತ್ತೆ. ಡಿಎಲ್‌ಎಲ್‌ಗೆ ಬೆರಳು ಯಾರದ್ದು ಅಂತ ಗೊತ್ತಾಗಲ್ಲ. ಪಿನ್ ಸರಿ ಇದ್ದರೆ ಸಹಿ ಅಧ್ಯಕ್ಷರದ್ದೇ.

ಕಾನೂನೂ ಹಾಗೇ ನೋಡುತ್ತೆ. ಐಟಿ ಕಾಯ್ದೆಯ 42ನೇ ಸೆಕ್ಷನ್ ಪ್ರಕಾರ ಕೀಲಿಯ ನಿಯಂತ್ರಣ ತನ್ನಲ್ಲೇ ಉಳಿಸಿಕೊಳ್ಳುವುದು ಸಹಿದಾರರ ಹೊಣೆ. ಕೀಲಿ ಕೈತಪ್ಪಿದರೆ ತಡಮಾಡದೆ ಪ್ರಮಾಣಪತ್ರ ಕೊಟ್ಟ ಸಂಸ್ಥೆಗೆ ತಿಳಿಸಬೇಕು, ತಿಳಿಸುವವರೆಗಿನ ಹೊಣೆ ಅವರದ್ದೇ. ಇನ್ನೊಬ್ಬರ ಎಲೆಕ್ಟ್ರಾನಿಕ್ ಸಹಿಯನ್ನು ಮೋಸದಿಂದ ಬಳಸಿದವರಿಗೆ 66ಸಿ ಅಡಿ ಮೂರು ವರ್ಷದವರೆಗೆ ಜೈಲು, ಒಂದು ಲಕ್ಷದವರೆಗೆ ದಂಡ ಇದೆ. ದುಡ್ಡು ತಿಂದವರು ಯಾರೋ, ಮೊದಲ ನೋಟಿಸ್ ಬರೋದು ಸಹಿ ಇದ್ದವರಿಗೆ.

ಏನು ಮಾಡಬಹುದು?

ಟೋಕನ್ ಇರುವವರು ಇಷ್ಟು ಮಾಡಿ. ಡಿಎಲ್‌ಎಲ್ ಅನ್ನು ಬಿಡಿಯಾಗಿ ಇಳಿಸಬೇಡಿ, ಟೋಕನ್ ಕಂಪನಿಯ ಅಥವಾ ಪ್ರಮಾಣಪತ್ರ ಕೊಟ್ಟ ಸಂಸ್ಥೆಯ ಇನ್‌ಸ್ಟಾಲರ್ ಅನ್ನೇ ಬಳಸಿ. ಫೈಲ್ ಮೇಲೆ ರೈಟ್ ಕ್ಲಿಕ್ ಮಾಡಿ, ಪ್ರಾಪರ್ಟೀಸ್‌ನಲ್ಲಿ ‘ಡಿಜಿಟಲ್ ಸಿಗ್ನೇಚರ್ಸ್’ ನೋಡಿ. ಅದು ಯಾರ ಹೆಸರಲ್ಲಿದೆ, ಸಿಂಧುವಾಗಿದೆಯೇ ಅಂತ ಪರೀಕ್ಷಿಸಿ. ಪಿನ್ ಇವತ್ತೇ ಬದಲಿಸಿ. ಸಹಿ ಮುಗಿದ ತಕ್ಷಣ ಕಡ್ಡಿ ಕಿತ್ತು ಜೇಬಿಗೆ ಹಾಕಿಕೊಳ್ಳಿ.

ಪಂಚಾಯ್ತಿ ಸದಸ್ಯರು, ಗ್ರಾಮಸಭೆಗೆ ಹೋಗುವ ಯುವಕ ಯುವತಿಯರು ಕೇಳಬೇಕಾದ ಪ್ರಶ್ನೆಗಳೂ ಇವೆ. ಟೋಕನ್ ಯಾರ ವಶದಲ್ಲಿದೆ ಅನ್ನೋದಕ್ಕೆ ರಿಜಿಸ್ಟರ್ ಇದೆಯಾ? ಸಹಿ ಹಾಕುವ ಕಂಪ್ಯೂಟರ್‌ನಲ್ಲಿ ಏನೇನು ಇನ್‌ಸ್ಟಾಲ್ ಆಗಿದೆ ಅಂತ ಯಾರಾದರೂ ನೋಡಿದ್ದಾರಾ? ಅಧ್ಯಕ್ಷರಿಗೆ ಕನ್ನಡದಲ್ಲಿ ತರಬೇತಿ ಕೊಟ್ಟಿದ್ದಾರಾ?

ಸರ್ಕಾರಕ್ಕೆ ನನ್ನ ಒತ್ತಾಯ ಇಷ್ಟೇ. ಸಾರ್ವಜನಿಕ ಹಣಕ್ಕೆ ಸಹಿ ಹಾಕಿಸುವ ಕೋಡ್ ಮುಚ್ಚಿದ ಪೆಟ್ಟಿಗೆಯಾಗಿರಬಾರದು. ಪಿಕೆಸಿಎಸ್ 11 ಮುಕ್ತ ಮಾನದಂಡ, ಓಪನ್‌ಎಸ್‌ಸಿಯಂಥ ಮುಕ್ತ ತಂತ್ರಾಂಶ ಲೈಬ್ರರಿಗಳು ಈಗಾಗಲೇ ಇವೆ. ಟೋಕನ್ ಖರೀದಿಯ ಟೆಂಡರ್‌ನಲ್ಲೇ ಮುಕ್ತ ಲೈಬ್ರರಿ, ಲಿನಕ್ಸ್ ಬೆಂಬಲ, ಸ್ವತಂತ್ರ ಭದ್ರತಾ ತಪಾಸಣೆ ಕಡ್ಡಾಯ ಅಂತ ಸೇರಿಸಲಿ. ಕನ್ನಡ ಅಕ್ಷರಗಳನ್ನು ಡೋಂಗಲ್ ಬೀಗದಿಂದ ಬಿಡಿಸಿದ್ದು ಮುಕ್ತ ಮಾನದಂಡವಾದ ಯೂನಿಕೋಡ್. ಪಂಚಾಯ್ತಿಯ ಸಹಿಗೂ ಅದೇ ದಾರಿ ಸಾಧ್ಯ.